ಕೊತೊ ಉಗುರು: ಒಮಿನೊ ಕೇಳಿದ ಪ್ರಶ್ನೆ

1703ರ ಮಾರ್ಚ್ 20. ಎದೊ, ಅಂದರೆ ಈಗಿನ ಟೋಕಿಯೊ. ಹೊಸೊಕಾವಾ ಮನೆತನದ ದೊಡ್ಡ ಬಂಗಲೆಯಲ್ಲಿ ಹದಿನೇಳು ಜನ ಸಮುರಾಯಿಗಳನ್ನು ಕಾವಲಿನಲ್ಲಿ ಇಟ್ಟಿದ್ದಾರೆ. ಹೊಟ್ಟೆ ಸೀಳಿಕೊಂಡು ಸಾಯಬೇಕೆಂಬ ಅಪ್ಪಣೆ ಯಾವ ಗಳಿಗೆಯಲ್ಲಾದರೂ ಬರಬಹುದು. ಸೇವೆಗೆಂದು ಎಳೆಯ ಹುಡುಗನೊಬ್ಬ ಒಳಗೆ ಬರುತ್ತಾನೆ. ನಾಯಕ ಓಯಿಶಿ ಕುರಾನೊಸುಕೆ ಅವನನ್ನು ಸ್ವಲ್ಪ ಹೊತ್ತು ಗಮನಿಸುತ್ತಾನೆ. ಇವನು ಹುಡುಗನಲ್ಲ, ಹುಡುಗಿ.

ಅವಳ ಹೆಸರು ಒಮಿನೊ. ಸಾಯಲಿರುವ ಹದಿನೇಳು ಜನರಲ್ಲಿ ಒಬ್ಬನನ್ನು ನೋಡಬೇಕು ಅಂತ ಗಂಡುವೇಷದಲ್ಲಿ ಬಂದಿದ್ದಾಳೆ. ಅವನನ್ನು ಉಳಿಸಿಕೊಳ್ಳಲು ಬಂದವಳಲ್ಲ. ಓಡಿಹೋಗೋಣ ಅಂತ ಕರೆಯಲೂ ಬಂದಿಲ್ಲ. ಒಂದು ಪ್ರಶ್ನೆ ಕೇಳಬೇಕು, ಅಷ್ಟೇ.

ಇದು ಮಿಜೊಗುಚಿ ಕೆಂಜಿ ನಿರ್ದೇಶಿಸಿದ ‘ಗೆನ್ರೊಕು ಚೂಶಿಂಗುರಾ’ ಸಿನಿಮಾದ ಕೊನೆಯ ಭಾಗ. ಜಪಾನಿನ ಹಳೆಯ ಸಮುರಾಯಿ ಸಿನಿಮಾದಲ್ಲಿ ಪ್ರೀತಿಗೂ ಕರ್ತವ್ಯಕ್ಕೂ ಜಗಳ ಬಂದಾಗ ಏನಾಗುತ್ತದೆ ಅಂತ ಯಾರಾದರೂ ಕೇಳಿದರೆ, ನಾನು ಹತ್ತು ಸಿನಿಮಾಗಳ ಪಟ್ಟಿ ಕೊಡುವುದಿಲ್ಲ. ಈ ಒಂದು ಪ್ರಸಂಗ ತೋರಿಸುತ್ತೇನೆ. ಯಾಕೆಂದರೆ ಇಲ್ಲಿ ಜಗಳ ನಾವು ಅಂದುಕೊಂಡ ಕಡೆ ಇಲ್ಲ.

ಹಿನ್ನೆಲೆ

ನಲವತ್ತೇಳು ರೋನಿನ್‌ಗಳ ಕಥೆ ತುಂಬ ಜನಕ್ಕೆ ಗೊತ್ತು. ಹಾಗಾಗಿ ಬೇಗ ಹೇಳಿ ಮುಗಿಸುತ್ತೇನೆ. 1701ರಲ್ಲಿ ಅಕೊ ಸೀಮೆಯ ಒಡೆಯ ಅಸಾನೊ ಎದೊ ಕೋಟೆಯೊಳಗೆ ಕಿರಾ ಎಂಬ ಅಧಿಕಾರಿಯ ಮೇಲೆ ಕತ್ತಿ ಬೀಸಿದ. ಕಿರಾ ಗಾಯಗೊಂಡು ಬದುಕಿದ. ಕೋಟೆಯೊಳಗೆ ಕತ್ತಿ ಎಳೆದ ತಪ್ಪಿಗೆ ಅಸಾನೊ ಅವತ್ತೇ ಹೊಟ್ಟೆ ಸೀಳಿಕೊಳ್ಳಬೇಕಾಯಿತು. ಸೀಮೆ ಸರ್ಕಾರದ ಪಾಲಾಯಿತು. ಅವನ ಕೈಕೆಳಗಿನ ಸಮುರಾಯಿಗಳು ಒಡೆಯನಿಲ್ಲದವರಾದರು. ಅಂಥವರಿಗೇ ರೋನಿನ್ ಅನ್ನುವುದು. ಸುಮಾರು ಎರಡು ವರ್ಷ ಹೊಂಚು ಹಾಕಿ, ಒಂದು ರಾತ್ರಿ ಅವರು ಕಿರಾನ ಮನೆಗೆ ನುಗ್ಗಿ ಅವನ ತಲೆ ಕಡಿದರು. ತಲೆಯನ್ನು ಸೆಂಗಾಕುಜಿ ದೇವಾಲಯಕ್ಕೆ ಒಯ್ದು ಒಡೆಯನ ಸಮಾಧಿಯ ಮುಂದೆ ಇಟ್ಟರು. ಆಮೇಲೆ ತಾವಾಗಿಯೇ ಶರಣಾದರು. ಒಬ್ಬನನ್ನು ಬಿಟ್ಟು ಉಳಿದ ನಲವತ್ತಾರು ಜನರನ್ನು ನಾಲ್ಕು ದೊಡ್ಡ ಮನೆತನಗಳ ವಶಕ್ಕೆ ಕೊಟ್ಟರು. ಹದಿನೇಳು ಜನ ಹೊಸೊಕಾವಾ ಪಾಲಿಗೆ ಬಂದರು.

ಆ ಮನೆಯಲ್ಲಿ ಅವರನ್ನು ಕೈದಿಗಳ ಹಾಗೆ ಇಟ್ಟಿರಲಿಲ್ಲ. ಅತಿಥಿಗಳ ಹಾಗೆ ನೋಡಿಕೊಂಡರು. ದಿನಾ ಭಾರಿ ಊಟ. ಕೊನೆಗೆ ಅವರೇ ಕೈಮುಗಿದು, ನಮಗೆ ಬಡವರ ಊಟ ರೂಢಿಯಾಗಿಬಿಟ್ಟಿದೆ, ಇಷ್ಟೆಲ್ಲ ಜೀರ್ಣವಾಗುವುದಿಲ್ಲ, ಸ್ವಲ್ಪ ಕಡಿಮೆ ಮಾಡಿ ಅಂತ ಕೇಳಿಕೊಂಡರಂತೆ. ಅವರನ್ನು ನೋಡಿಕೊಂಡ ಹೊರಿಯುಚಿ ದೆನ್‌ಎಮೊನ್ ಎಂಬ ಹೊಸೊಕಾವಾ ಸಮುರಾಯಿ ಇಂಥದ್ದನ್ನೆಲ್ಲ ಬರೆದಿಟ್ಟ. ಈ ದೆನ್‌ಎಮೊನ್ ಸಿನಿಮಾದಲ್ಲೂ ಇದ್ದಾನೆ. ಒಮಿನೊಳನ್ನು ಒಳಗೆ ಬಿಟ್ಟವನು ಇವನೇ.

ಹದಿನೇಳು ಜನರಲ್ಲಿ ಇಸೊಗಾಯ್ ಜೂರೊಜಾಎಮೊನ್ ಒಬ್ಬ. ವಯಸ್ಸು 25. ಅವನು ಸತ್ತ ಮೇಲೆ ಅವನ ವಸ್ತುಗಳಲ್ಲಿ, ನೇರಳೆ ರೇಷ್ಮೆ ಬಟ್ಟೆಯಲ್ಲಿ ಸುತ್ತಿದ ಒಂದು ಕೊತೊ ಉಗುರು ಸಿಕ್ಕಿತು ಎಂಬ ಮಾತು ಉಳಿದುಕೊಂಡು ಬಂದಿದೆ. ಕೊತೊ ಅಂದರೆ ನೆಲದ ಮೇಲೆ ಉದ್ದಕ್ಕೆ ಮಲಗಿಸಿ ನುಡಿಸುವ ತಂತಿವಾದ್ಯ. ಅದನ್ನು ಮೀಟಲು ಬೆರಳ ತುದಿಗೆ ಉಗುರು ತೊಡುತ್ತಾರೆ. ನಮ್ಮ ಸಿತಾರದವರ ಮಿಜ್ರಾಬ್ ಇದೆಯಲ್ಲ, ಕೆಲಸ ಹೆಚ್ಚುಕಡಿಮೆ ಅದರದ್ದೇ. ಕತ್ತಿ ಹಿಡಿದು ಸೇಡಿಗೆ ಹೋದ ಹುಡುಗನ ಹತ್ತಿರ ಅದು ಯಾಕಿತ್ತು?

ಮಾಯಾಮಾ ಸೇಯ್ಕಾ ಎಂಬ ನಾಟಕಕಾರನಿಗೆ ಇಷ್ಟು ಸಾಕಾಯಿತು. ಆ ಉಗುರಿಗೆ ಅವನು ಒಬ್ಬ ಹುಡುಗಿಯನ್ನು ಹುಟ್ಟಿಸಿದ. ‘ಓಯಿಶಿಯ ಕೊನೆಯ ದಿನ’ ಎಂಬ ಅವನ ಕಬುಕಿ ನಾಟಕ (ಕಬುಕಿ ಅಂದರೆ ಹೆಣ್ಣು ಪಾತ್ರಗಳನ್ನೂ ಗಂಡಸರೇ ಮಾಡುವ ಜಪಾನಿನ ಹಳೆಯ ರಂಗಕಲೆ) 1934ರ ಫೆಬ್ರವರಿಯಲ್ಲಿ ಟೋಕಿಯೊದ ಕಬುಕಿಜಾ ರಂಗಮಂದಿರದಲ್ಲಿ ರಂಗಕ್ಕೆ ಬಂತು. ಆಮೇಲೆ ಅದೇ ಕಥೆಯ ಬೇರೆ ಬೇರೆ ಭಾಗಗಳನ್ನು ಬರೆಯುತ್ತ ಹತ್ತು ನಾಟಕಗಳ ಮಾಲೆ ಮಾಡಿದ. ಒಂದು ವಿಷಯ ಗಮನಿಸಿ. ಮಾಲೆಯಲ್ಲಿ ಮೊದಲು ಬರೆದದ್ದು ಕೊನೆಯ ದಿನವನ್ನು. ಕತ್ತಿ ಎಳೆದ ದೃಶ್ಯ, ಕೋಟೆ ಬಿಟ್ಟುಕೊಟ್ಟ ದೃಶ್ಯ ಎಲ್ಲ ಆಮೇಲೆ ಬಂದವು. ಅಂದರೆ ಇಡೀ ಕಟ್ಟಡದ ಬುನಾದಿ ಒಮಿನೊ ಪ್ರಸಂಗವೇ.

ಸಿನಿಮಾ

ಮಿಜೊಗುಚಿ ಸಿನಿಮಾ ಎರಡು ಭಾಗಗಳಲ್ಲಿ ಬಂತು. ಮೊದಲನೆಯದು 1941ರ ಡಿಸೆಂಬರ್ 1ಕ್ಕೆ. ಒಂದು ವಾರ ಕಳೆಯುವುದರೊಳಗೆ ಜಪಾನ್ ಪರ್ಲ್ ಹಾರ್ಬರ್ ಮೇಲೆ ಬಾಂಬು ಹಾಕಿತು. ಎರಡನೆಯದು 1942ರ ಫೆಬ್ರವರಿ 11ಕ್ಕೆ. ಎರಡೂ ಸೇರಿ ಸುಮಾರು ಮೂರು ಮುಕ್ಕಾಲು ಗಂಟೆ.

ಆ ಹೊತ್ತಿನ ಸರ್ಕಾರಕ್ಕೆ ಬೇಕಿದ್ದದ್ದು ಸ್ವಾಮಿನಿಷ್ಠೆಯ ಕಥೆ. 1939ರ ಸಿನಿಮಾ ಕಾಯ್ದೆ ಬಂದ ಮೇಲೆ ಚಿತ್ರಕಥೆಯನ್ನೂ ಮೊದಲೇ ತೋರಿಸಿ ಒಪ್ಪಿಗೆ ಪಡೆಯಬೇಕಿತ್ತು. ನಲವತ್ತೇಳು ರೋನಿನ್ ಕಥೆಗಿಂತ ಸುರಕ್ಷಿತವಾದದ್ದು ಇನ್ನೇನಿದೆ? ಒಡೆಯನಿಗಾಗಿ ಸತ್ತವರು, ಮುಗೀತು. ದುಡ್ಡೂ ಧಾರಾಳವಾಗಿ ಹರಿಯಿತು. ಎದೊ ಕೋಟೆಯ ಉದ್ದನೆಯ ಓಣಿಯನ್ನು ಅಸಲಿ ಅಳತೆಯಲ್ಲೇ ಕಟ್ಟಿದರು. ಆ ಕಟ್ಟಡದ ಕೆಲಸದಲ್ಲಿದ್ದವರಲ್ಲಿ ಮುಂದೆ ದೊಡ್ಡ ನಿರ್ದೇಶಕರಾದ ಶಿಂದೊ ಕನೆತೊ ಕೂಡ ಒಬ್ಬರು.

ಇಷ್ಟೆಲ್ಲ ಖರ್ಚು ಮಾಡಿಸಿ ಮಿಜೊಗುಚಿ ಏನು ಮಾಡಿದ? ದಾಳಿಯನ್ನೇ ತೋರಿಸಲಿಲ್ಲ! ಜನ ಕಾದು ಕೂತಿದ್ದ ಹಿಮದ ರಾತ್ರಿಯ ಕಾಳಗವೇ ಸಿನಿಮಾದಲ್ಲಿಲ್ಲ. ಅದರ ಬದಲು ಅಸಾನೊನ ವಿಧವೆ ತನ್ನ ಮನೆಯಲ್ಲಿ ಕೂತಿದ್ದಾಳೆ. ಒಂದು ಪತ್ರ ಬರುತ್ತದೆ. ಅವಳ ಜೊತೆಯ ಹೆಂಗಸು ಅದನ್ನು ಗಟ್ಟಿಯಾಗಿ ಓದುತ್ತಾಳೆ. ನಾವೂ ಅವರ ಜೊತೆ ಕೂತು ಕೇಳುತ್ತೇವೆ. ನಮ್ಮ ಕಡೆ ಹೀಗೆ ಮಾಡಿದ್ದರೆ ಕುರ್ಚಿ ಮುರಿದಿರುತ್ತಿದ್ದವು. ಜಪಾನಿನಲ್ಲೂ ಮೊದಲ ಭಾಗಕ್ಕೆ ದುಡ್ಡು ಹುಟ್ಟಲಿಲ್ಲ.

ಕಾಳಗ ತೆಗೆದು ಉಳಿಸಿದ ಜಾಗದಲ್ಲಿ ಏನು ಬಂತು? ಒಮಿನೊ ಬಂದಳು. ಶುರುವಿನಿಂದ ಎಲ್ಲೂ ಕಾಣದವಳು, ಕೊನೆಯ ಅಂಕದಲ್ಲಿ ಬಂದು ಸಿನಿಮಾವನ್ನೇ ತನ್ನ ಕಡೆ ಎಳೆದುಕೊಳ್ಳುತ್ತಾಳೆ.

ಈ ಪಾತ್ರ ಮಾಡಿದವಳು ತಕಾಮಿನೆ ಮಿಯೆಕೊ. ಆಗಿನ ದೊಡ್ಡ ತಾರೆ, ಹಾಡುಗಾರ್ತಿ ಕೂಡ. ಇಸೊಗಾಯ್ ಆಗಿ ಕವಾರಾಜಾಕಿ ಕುನಿತಾರೊ. ಉಳಿದ ಬಹುಪಾಲು ನಟರಂತೆ ಅವನೂ ಜೆನ್‌ಶಿಂಜಾ ಎಂಬ ನಾಟಕ ತಂಡದವನು. ಒಂದು ತಮಾಷೆ ಇದೆ. ರಂಗದ ಮೇಲೆ ಕುನಿತಾರೊ ಹೆಸರು ಮಾಡಿದ್ದು ಹೆಣ್ಣು ಪಾತ್ರಗಳಲ್ಲಿ. ನಮ್ಮ ಯಕ್ಷಗಾನದ ಸ್ತ್ರೀವೇಷದ ಹಾಗೆ. ಕಬುಕಿಯಲ್ಲಿ ಒಮಿನೊ ಅಂದರೆ ಹೆಣ್ಣುವೇಷದ ಗಂಡಸು, ಮತ್ತೆ ಗಂಡುವೇಷ ಹಾಕಿಕೊಂಡು ಬರುವುದು. ಸಿನಿಮಾದಲ್ಲಿ ನಿಜವಾದ ಹೆಂಗಸು ಗಂಡುವೇಷದಲ್ಲಿದ್ದಾಳೆ, ಅವಳ ಎದುರು ಸ್ತ್ರೀವೇಷದಲ್ಲಿ ಪಳಗಿದ ಗಂಡಸು ನಿಂತಿದ್ದಾನೆ. ಯಾವುದು ವೇಷ, ಯಾವುದು ನಿಜ ಎಂಬುದೇ ಈ ಪ್ರಸಂಗದ ವಿಷಯ ಆಗಿರುವಾಗ ಇದು ಸುಮ್ನೆ ಆದದ್ದಾದರೂ ಚೆನ್ನಾಗಿ ಕೂತಿದೆ.

ನಡೆದದ್ದು

ಸೇಡಿಗೆ ಸಂಚು ನಡೆಯುತ್ತಿದ್ದ ಕಾಲದಲ್ಲಿ ಇಸೊಗಾಯ್‌ಗೂ ಒಮಿನೊಗೂ ಮದುವೆ ನಿಶ್ಚಯವಾಗಿತ್ತು. ಆಮೇಲೆ ಅವನು ಒಂದು ಮಾತೂ ಹೇಳದೆ ಕಣ್ಮರೆಯಾದ. ಮುಂದೆ ಅವನ ಸುದ್ದಿ ಬಂದದ್ದು ದಾಳಿಯ ವೀರರಲ್ಲಿ ಒಬ್ಬನಾಗಿ. ಊರೆಲ್ಲ ಹೊಗಳುತ್ತಿದೆ. ಇವಳಿಗೆ ಮಾತ್ರ ಒಂದೇ ಯೋಚನೆ. ಅವನು ನನ್ನನ್ನು ಮದುವೆಯಾಗುತ್ತೇನೆ ಅಂದದ್ದು ನಿಜವಾ, ಅಥವಾ ಸಂಚಿನ ಒಂದು ಭಾಗವಾ? ಸೇಡಿನ ಯೋಚನೆ ಬಿಟ್ಟಿದ್ದಾನೆ, ಸಂಸಾರಕ್ಕೆ ಇಳಿಯುತ್ತಿದ್ದಾನೆ ಅಂತ ಜನ ನಂಬಲಿ ಎಂದು ನನ್ನನ್ನು ಬಳಸಿಕೊಂಡನಾ?

ಈ ಅನುಮಾನ ಹುಚ್ಚಲ್ಲ. ಆ ಎರಡು ವರ್ಷ ಅವರೆಲ್ಲರೂ ಮಾಡಿದ್ದು ಇದನ್ನೇ. ಓಯಿಶಿಯೇ ಕ್ಯೋಟೊದಲ್ಲಿ ಕುಡಿತ, ಸೂಳೆಕೇರಿ ಅಂತ ಓಡಾಡಿ, ಇವನು ಕೆಟ್ಟುಹೋದ ಎಂದು ಕಿರಾನ ಗೂಢಚಾರರು ನಂಬುವ ಹಾಗೆ ಮಾಡಿದ ಎಂಬುದು ಕಥೆಯ ಪ್ರಸಿದ್ಧ ಭಾಗ. ಹೆಂಡತಿ ರಿಕುಗೆ ಬಿಡುಗಡೆ ಕೊಟ್ಟು ಮಕ್ಕಳ ಜೊತೆ ತವರಿಗೆ ಕಳಿಸಿದ. ಸಂಚು ನಡೆಯಲು ಸುಳ್ಳು ಬೇಕಿತ್ತು. ಸುಳ್ಳು ಕಿರಾನಿಗೆ ತಲುಪಬೇಕಾದರೆ ಮೊದಲು ಮನೆಯವರಿಗೆ ತಲುಪಬೇಕು.

ಒಮಿನೊ ಬೇಡಿಕೊಂಡಾಗ ಓಯಿಶಿ ಮೊದಲು ಒಪ್ಪುವುದಿಲ್ಲ. ಅವನ ಲೆಕ್ಕ ಸರಳ. ಇಸೊಗಾಯ್ ಚಿಕ್ಕವನು. ಸಾಯಲು ಮನಸ್ಸು ಗಟ್ಟಿ ಮಾಡಿಕೊಂಡಿದ್ದಾನೆ. ಇವಳ ಮುಖ ನೋಡಿದರೆ ಕೈ ನಡುಗಬಹುದು. ಹಾಗಾದರೆ ಇಷ್ಟು ದಿನ ಮಾಡಿದ್ದೆಲ್ಲ ನೀರಲ್ಲಿ ಹೋಮ. ನಾಯಕನಾಗಿ ಅವನು ಯೋಚಿಸಿದ್ದು ತಪ್ಪಲ್ಲ. ಆದರೆ ಅವಳು ಬಿಡುವುದಿಲ್ಲ. ಮಾತು ಮುಂದುವರಿಯುತ್ತ ಕೊತೊ ಉಗುರಿನ ಸಂಗತಿ ಹೊರಬೀಳುತ್ತದೆ. ಇಸೊಗಾಯ್ ಅದನ್ನು ಎದೆಯ ಹತ್ತಿರ ಇಟ್ಟುಕೊಂಡಿದ್ದಾನೆ. ಉಗುರು ಅವಳದ್ದು.

ಇಲ್ಲಿಗೆ ಮುಗಿಯಬೇಕಿತ್ತು, ಅಲ್ವಾ? ಸಾಕ್ಷಿ ಸಿಕ್ಕಿತು. ಅವಳು ಮನೆಗೆ ಹೋಗಬಹುದು. ಆದರೆ ಅವಳಿಗೆ ವಸ್ತುವಿನ ಸಾಕ್ಷಿ ಸಾಲದು, ಅವನ ಬಾಯಿಂದ ಮಾತು ಬೇಕು. ಓಯಿಶಿ ಕೊನೆಗೆ ಇಸೊಗಾಯ್‌ನನ್ನು ಕರೆಸುತ್ತಾನೆ. ಅವನು ಮೊದಲು ಅವಳ ಪರಿಚಯವೇ ಇಲ್ಲದವನ ಹಾಗೆ ನಡೆದುಕೊಳ್ಳುತ್ತಾನೆ. ಇದು ಕ್ರೂರ ಅನ್ನಿಸಿದರೂ ನನಗೆ ಇಡೀ ಸಿನಿಮಾದಲ್ಲಿ ಅವನು ಅತಿ ಎಳೆಯವನಾಗಿ ಕಾಣುವುದು ಇಲ್ಲೇ. ಎರಡು ವರ್ಷ ಸುಳ್ಳು ಹೇಳಿ ಅಭ್ಯಾಸವಾಗಿದೆ. ಸುಳ್ಳು ಬೇಡವಾದ ಹೊತ್ತಲ್ಲೂ ಬಾಯಿಗೆ ಅದೇ ಬರುತ್ತದೆ. ಆಮೇಲೆ ಉಗುರಿನ ಮಾತು ಬಂದಾಗ ತಡೆ ಒಡೆಯುತ್ತದೆ. ಅವಳು ತನ್ನವಳು ಎಂದು ಒಪ್ಪಿಕೊಳ್ಳುತ್ತಾನೆ.

ಮಿಜೊಗುಚಿ ಇದನ್ನು ಹತ್ತಿರದಿಂದ ತೋರಿಸುವುದಿಲ್ಲ. ಕಣ್ಣೀರಿಗೆ ಕ್ಲೋಸಪ್ ಇಲ್ಲ. ಕ್ಯಾಮೆರಾ ದೂರದಲ್ಲಿ ನಿಂತು, ಶಾಟ್ ಕತ್ತರಿಸದೆ ನೋಡುತ್ತಲೇ ಇರುತ್ತದೆ. ಕಂಬ, ಚಾಪೆ, ಜಾರುಬಾಗಿಲುಗಳ ನಡುವೆ ಇಬ್ಬರು ಚಿಕ್ಕವರಾಗಿ ಕಾಣುತ್ತಾರೆ. ಮೊದಲ ಸಲ ನೋಡಿದಾಗ ನನಗೆ ತಾಳ್ಮೆ ಕೆಟ್ಟಿತ್ತು, ನಿಜ ಹೇಳಬೇಕೆಂದರೆ. ಎರಡನೇ ಸಲ ಅರ್ಥವಾಯಿತು. ಆ ಮನೆ ಎಷ್ಟು ದೊಡ್ಡದು, ಇವರ ಮಾತಿಗೆ ಅಲ್ಲಿ ಎಷ್ಟು ಜಾಗ ಇದೆ ಎಂಬುದನ್ನು ಕ್ಲೋಸಪ್ ತೋರಿಸಲಾರದು.

ಅಪ್ಪಣೆ ಬರುತ್ತದೆ. ಎಲ್ಲರಿಗೂ ಇವತ್ತೇ ಸಾವು. ಒಮಿನೊ ಅವರಿಗಿಂತ ಮೊದಲೇ ತನ್ನನ್ನು ಇರಿದುಕೊಳ್ಳುತ್ತಾಳೆ.

ಯಾರ ಹಂಗು, ಯಾರ ತಲೆ ಮೇಲೆ

ಜಪಾನಿ ಭಾಷೆಯಲ್ಲಿ ಎರಡು ಮಾತುಗಳಿವೆ. ಗಿರಿ, ನಿಂಜೊ. ನಿಂಜೊ ಅಂದರೆ ಮನುಷ್ಯ ಸಹಜವಾದ ಪ್ರೀತಿ, ಮರುಕ. ಗಿರಿಯನ್ನು ಕರ್ತವ್ಯ ಅಂತ ಕನ್ನಡಕ್ಕೆ ತಂದರೆ ಸಪ್ಪೆಯಾಗುತ್ತದೆ. ಹಂಗು ಅನ್ನುವುದು ಹತ್ತಿರ. ಉಂಡ ಮನೆಯ ಹಂಗು, ಕೊಟ್ಟ ಮಾತಿನ ಹಂಗು. ಹಳಗನ್ನಡದವರು ಜೋಳವಾಳಿ ಅನ್ನುತ್ತಿದ್ದರಲ್ಲ, ಉಂಡ ಜೋಳಕ್ಕೆ ತಲೆ ಕೊಡುವುದು, ಅದು ಇನ್ನೂ ಹತ್ತಿರ.

ಹಳೆಯ ಸಮುರಾಯಿ ಕಥೆಗಳಲ್ಲಿ ಈ ಎರಡರ ಜಗಳಕ್ಕೆ ಒಂದು ಸಿದ್ಧ ಅಚ್ಚು ಇದೆ. ಗಂಡಸು ಮಧ್ಯೆ ನಿಂತಿರುತ್ತಾನೆ. ಒಂದು ಕೈಯನ್ನು ಪ್ರೀತಿ ಎಳೆಯುತ್ತದೆ, ಇನ್ನೊಂದನ್ನು ಹಂಗು. ಇದೇ ರೋನಿನ್‌ಗಳ ಕಥೆಯ ಮೇಲೆ 1748ರಲ್ಲಿ ಒಸಾಕಾದಲ್ಲಿ ಬೊಂಬೆಯಾಟವಾಗಿ ಬಂದ ಪ್ರಸಿದ್ಧ ಚೂಶಿಂಗುರಾ ನಾಟಕದಲ್ಲಿ ಕನ್ಪೇಯ್ ಎಂಬವನಿದ್ದಾನೆ. ಒಡೆಯ ಕತ್ತಿ ಎಳೆದ ಹೊತ್ತಿಗೆ ಅವನು ಪ್ರೇಯಸಿ ಒಕಾರು ಜೊತೆ ಇದ್ದ. ಜೀವಮಾನವೆಲ್ಲ ಆ ತಪ್ಪು ತೊಳೆಯಲು ಒದ್ದಾಡಿ ಸಾಯುತ್ತಾನೆ. ಅಲ್ಲಿ ಪ್ರೀತಿ ಅಂದರೆ ಹಂಗಿಗೆ ಆದ ಚ್ಯುತಿ.

ಮೂಕಿ ಸಿನಿಮಾದ ಕಾಲದಲ್ಲಿ ಈ ಅಚ್ಚು ಸ್ವಲ್ಪ ಬಿರುಕು ಬಿಟ್ಟಿತು. 1925ರ ‘ಒರೊಚಿ’ಯಲ್ಲಿ ಬಾಂದೊ ತ್ಸುಮಾಸಾಬುರೊ ಮಾಡಿದ ಸಮುರಾಯಿ ಗುರುವಿನ ಮಗಳನ್ನು ಪ್ರೀತಿಸುತ್ತಾನೆ. ಒಳ್ಳೆಯವನೇ, ಆದರೆ ಪ್ರತಿ ಸಲವೂ ಜನ ಅವನನ್ನು ತಪ್ಪು ತಿಳಿಯುತ್ತಾರೆ. ಕೊನೆಗೆ ಪೊಲೀಸರ ದೊಡ್ಡ ಗುಂಪಿನ ಜೊತೆ ಹುಚ್ಚೆದ್ದು ಕಾದಾಡಿ ಸಿಕ್ಕಿಬೀಳುತ್ತಾನೆ. ಅದರ ಮೊದಲ ಹೆಸರು ಪುಂಡ ಎಂಬ ಅರ್ಥದ್ದಾಗಿತ್ತು, ಸೆನ್ಸಾರ್ ಒಪ್ಪಲಿಲ್ಲ. ಅಲ್ಲಿ ಹಂಗೇ ಮೋಸ ಅನ್ನುವ ಸಿಟ್ಟಿದೆ. ಆದರೆ ಅಲ್ಲೂ ಮಧ್ಯೆ ನಿಂತು ಒದ್ದಾಡುವವನು ಗಂಡಸೇ. ಹುಡುಗಿ ಸುಮ್ಮನೆ ದೂರದಲ್ಲಿ ನಿಂತ ದೀಪದ ಹಾಗೆ.

ಒಮಿನೊ ಪ್ರಸಂಗದಲ್ಲಿ ಗಂಡಸು ಒದ್ದಾಡುವುದಿಲ್ಲ. ಇಸೊಗಾಯ್ ಯಾವುದೋ ದಿನ ಆಯ್ಕೆ ಮಾಡಿ ಮುಗಿಸಿದ್ದಾನೆ. ಆ ಆಯ್ಕೆಯನ್ನು ಅವಳು ಪ್ರಶ್ನೆ ಮಾಡುವುದೂ ಇಲ್ಲ. ಸಾಯಬೇಡ ಅನ್ನುವುದಿಲ್ಲ. ಹಾಗಾಗಿ ಪ್ರೀತಿ ಒಂದು ಕಡೆ, ಹಂಗು ಒಂದು ಕಡೆ ಎಂಬ ಲೆಕ್ಕ ಇಲ್ಲಿ ಕೂಡುವುದಿಲ್ಲ. ಅವಳು ಕೇಳುವುದು ಬೇರೆ. ನಿಮ್ಮ ಹಂಗು ತೀರಿಸಲು ನನ್ನ ಹೆಸರಿನಲ್ಲಿ ಒಂದು ಸುಳ್ಳು ಸಾಲ ತಂದಿರಿ. ಅದು ಸುಳ್ಳೇ ಆಗಿದ್ದರೆ ಸುಳ್ಳು ಅಂತ ಹೇಳಿ. ಹೇಳದೆ ಸಾಯಬೇಡಿ.

ಅಸಾನೊ ಅವಳ ಒಡೆಯನಲ್ಲ. ಅವಳು ಯಾವ ಪ್ರತಿಜ್ಞೆಗೂ ರಕ್ತದ ಹೆಬ್ಬೆಟ್ಟು ಒತ್ತಿಲ್ಲ. ಆದರೂ ಆ ಪ್ರತಿಜ್ಞೆಯ ಖರ್ಚಿನಲ್ಲಿ ಒಂದು ಪಾಲು ಅವಳ ಮೇಲೆ ಬಿತ್ತು. ಸಿನಿಮಾ ಇದನ್ನು ಭಾಷಣ ಮಾಡಿ ಹೇಳುವುದಿಲ್ಲ. ಯುದ್ಧದ ವರ್ಷದಲ್ಲಿ ಹೇಳುವ ಹಾಗೂ ಇರಲಿಲ್ಲ. ಆದರೆ 1942ರಲ್ಲಿ ಟಿಕೆಟ್ ತೆಗೆದು ಕೂತ ಹೆಂಗಸರಲ್ಲಿ ಎಷ್ಟು ಜನರ ಗಂಡಂದಿರು, ನಿಶ್ಚಯವಾದ ಹುಡುಗರು ಚೀನಾದಲ್ಲೋ ಹಡಗಿನ ಮೇಲೋ ಇದ್ದರು! ಅವರಿಗೆ ಬಿಡಿಸಿ ಹೇಳಬೇಕಿರಲಿಲ್ಲ.

ಓಯಿಶಿ ಮೊದಲು ಒಪ್ಪದೆ ಇದ್ದದ್ದಕ್ಕೆ ಇನ್ನೊಂದು ಕಾರಣವೂ ಇರಬಹುದು ಅಂತ ನನ್ನ ಅನುಮಾನ. ಅವಳ ಪ್ರಶ್ನೆಗೆ ಇಸೊಗಾಯ್ ಉತ್ತರ ಕೊಡಬೇಕಾದರೆ ತಾನೂ ಕೊಡಬೇಕಾಗುತ್ತದೆ. ಕ್ಯೋಟೊದಲ್ಲಿ ಕುಡಿದು ನಕ್ಕದ್ದೆಲ್ಲ ಬರೀ ನಟನೆಯಾ? ರಿಕುಳನ್ನು ಕಳಿಸಿದ್ದು ನಟನೆಯಾ? ರಿಕು ಬಂದು ಕೇಳಲಿಲ್ಲ, ಅಷ್ಟೇ ವ್ಯತ್ಯಾಸ. ಚೋಜೂರೊ ಎಂಬ ನಟ ಓಯಿಶಿಯ ಮುಖವನ್ನು ಕೊನೆಯವರೆಗೆ ಕಲ್ಲಿನ ಹಾಗೆ ಇಟ್ಟಿದ್ದಾನೆ. ಈ ಹುಡುಗಿಯ ಎದುರು ಮಾತ್ರ ಆ ಕಲ್ಲು ಸ್ವಲ್ಪ ಬೆವರುತ್ತದೆ.

ಅವಳ ಸಾವು

ಇಲ್ಲಿ ನನಗೆ ಸಿನಿಮಾದ ಜೊತೆ ಜಗಳವಿದೆ.

ನಾಟಕದಲ್ಲಿ ಅವಳು ಸಾಯುವಾಗ ಹೇಳುವ ಮಾತಿನ ಸಾರ ಇದು: ಒಮ್ಮೆ ಆಡಿದ ಸುಳ್ಳನ್ನು ಕೊನೆಯಲ್ಲಿ ನಿಜವಾಗಿಸಿ ಹಿಂದಿರುಗಿಸಿದರೆ, ಅದು ಮೊದಲಿನಿಂದಲೂ ಸುಳ್ಳಾಗಿರುವುದಿಲ್ಲ. ಎಂಥ ಮಾತು. ಗಂಡುವೇಷದಲ್ಲಿ ಬಂದದ್ದು ಸುಳ್ಳು, ಆ ಸುಳ್ಳನ್ನು ಜೀವ ಕೊಟ್ಟು ತೀರಿಸುತ್ತಾಳೆ. ಅದೇ ಹೊತ್ತಿಗೆ ಇಸೊಗಾಯ್ ಹೇಳಿದ ಸುಳ್ಳನ್ನೂ ಅವಳೇ ನಿಜ ಮಾಡುತ್ತಾಳೆ. ಮದುವೆ ನಟನೆಯಾಗಿತ್ತೋ ಏನೋ, ಈಗ ಅವಳು ಅವನ ಹೆಂಡತಿಯಾಗಿ ಸತ್ತಳು. ಇನ್ನು ಅದು ನಟನೆಯಲ್ಲ.

ಕೇಳಲು ತುಂಬ ಚೆನ್ನಾಗಿದೆ. ಆದರೆ ಲೆಕ್ಕ ಹಾಕಿ ನೋಡಿ. ಸುಳ್ಳು ಹೇಳಿದವನು ಅವನು, ತೀರಿಸಿದವಳು ಅವಳು. ಆಮೇಲೆ ಗಂಡಸರು ನಿರಾಳವಾಗಿ ಸಾಯಬಹುದು. ಅವಳು ಬದುಕಿ ಮನೆಗೆ ಹೋಗಿದ್ದರೆ? ಉಗುರನ್ನು ವಾಪಸ್ ತೆಗೆದುಕೊಂಡು, ಮೂವತ್ತು ವರ್ಷ ಕೊತೊ ಕಲಿಸಿಕೊಂಡು ಇದ್ದಿದ್ದರೆ? ಅಂಥ ಅಂತ್ಯಕ್ಕೆ 1942ರಲ್ಲಿ ಒಪ್ಪಿಗೆ ಸಿಗುತ್ತಿತ್ತೋ ಇಲ್ಲವೋ, ಮಾಯಾಮಾ 1934ರಲ್ಲೇ ಅದನ್ನು ಬರೆಯಲಿಲ್ಲ. ಹಂಗಿಲ್ಲದವಳು ಕೂಡ ಹಂಗಿನವರ ಹಾಗೆಯೇ ಸತ್ತು ತೋರಿಸಿದ ಮೇಲೆ, ಅವಳ ಪ್ರಶ್ನೆಯ ಮೊನೆ ಸ್ವಲ್ಪ ಮೊಂಡಾಗುತ್ತದೆ.

ಮಿಜೊಗುಚಿಗೆ ಇದು ಗೊತ್ತಿತ್ತಾ? ಹೆಂಗಸರ ಬೆನ್ನ ಮೇಲೆ ಗಂಡಸರು ಮೆರೆಯುವುದನ್ನು ಅವನಷ್ಟು ಸಲ ತೋರಿಸಿದ ನಿರ್ದೇಶಕ ಆ ಕಾಲದಲ್ಲಿ ಇನ್ನೊಬ್ಬನಿರಲಿಲ್ಲ. ಈ ಸಿನಿಮಾ ನಡೆಯುತ್ತಿದ್ದಾಗಲೇ ಅವನ ಹೆಂಡತಿಗೆ ಮನಸ್ಸಿನ ಕಾಯಿಲೆ ಉಲ್ಬಣಿಸಿ ಆಸ್ಪತ್ರೆಗೆ ಸೇರಿಸಬೇಕಾಯಿತು. ಅವನು ಶೂಟಿಂಗ್ ನಿಲ್ಲಿಸಲಿಲ್ಲ. ಇದನ್ನು ಒಮಿನೊ ದೃಶ್ಯಕ್ಕೆ ಗಂಟು ಹಾಕುವುದು ಸುಲಭ, ನಾನು ಹಾಕುವುದಿಲ್ಲ. ಆದರೆ ಗೊತ್ತಾದ ಮೇಲೆ ಆ ದೃಶ್ಯವನ್ನು ಮೊದಲಿನ ಹಾಗೆ ನೋಡಲು ಆಗುವುದಿಲ್ಲ.

ಸಾವುಗಳನ್ನೂ ಸಿನಿಮಾ ತೋರಿಸುವುದಿಲ್ಲ, ದಾಳಿಯನ್ನು ತೋರಿಸದ ಹಾಗೆಯೇ. ಹೆಸರುಗಳು ಕೇಳಿಸುತ್ತವೆ. ಒಬ್ಬೊಬ್ಬರೇ ಎದ್ದು ಹೊರಗೆ ನಡೆಯುತ್ತಾರೆ. ಇಸೊಗಾಯ್‌ನ ಸರದಿಯೂ ಬರುತ್ತದೆ. ಕೊನೆಗೆ ಓಯಿಶಿ ಒಬ್ಬನೇ ಉಳಿದು, ಅವನೂ ನಡೆದುಹೋಗುತ್ತಾನೆ. ಸೆಂಗಾಕುಜಿಯಲ್ಲಿ ಇವತ್ತಿಗೂ ಇಸೊಗಾಯ್‌ನ ಕಲ್ಲಿನ ಮುಂದೆ ಊದುಬತ್ತಿ ಹಚ್ಚುತ್ತಾರೆ. ಕೊತೊ ಉಗುರಿನ ಒಡತಿ ಯಾರು ಅಂತ ಅಲ್ಲಿ ಎಲ್ಲೂ ಬರೆದಿಲ್ಲ.